ಪಾರ್ವತೆವ್ವನ ಟ್ರ್ಯಾಕ್ಟರು

ಅಮೆರಿಕದ ಬಾಥೆಲ್‌ನ ನಾರ್ತ್ ಕ್ರೀಕ್ ಕಡೆಯ ಆ ಮನೆಯಲ್ಲಿ ಬೆಳಗಿನ ಏಳು ಗಂಟೆಗೆ ಯಾರ ಕಾಲೂ ನೆಲದ ಮೇಲೆ ನಿಲ್ಲುತ್ತಿರಲಿಲ್ಲ. ಚನ್ನವೀರ ಕೆಂಟ್‌ಗೆ ಹೊರಡಬೇಕು. ಅಲ್ಲಿ ವಿಮಾನದ ಬಿಡಿಭಾಗ ಮಾಡುವ ಕಾರ್ಖಾನೆಯಲ್ಲಿ ಅವನು ಎಂಜಿನಿಯರ್. ಹೆಂಡತಿ ಯಾಮಿನಿ ಮೈಸೂರಿನವಳು, ಅವಳಿಗೆ ಕ್ಯಾನ್ಯನ್ ಪಾರ್ಕ್‌ನ ಲ್ಯಾಬು. ಒಂಬತ್ತು ವರ್ಷದ ಮಗಳು ಶರ್ವಾಣಿಗೆ ಶಾಲೆಯ ಬಸ್ಸು. ಇವರ ನಡುವೆ ನಿಂತಲ್ಲೇ ನಿಂತು ಕೆಲಸ ಮಾಡುವವಳು ಒಬ್ಬಳೇ, ಚನ್ನವೀರನ ತಾಯಿ ಪಾರ್ವತೆವ್ವ. ಗಂಡ ನಾಗಲಿಂಗಪ್ಪನ ಜೊತೆ ಗದಗಿನ ಕಡೆಯ ಹಳ್ಳಿಯಿಂದ ಆರು ತಿಂಗಳ ಮಟ್ಟಿಗೆ ಬಂದಿದ್ದಳು. ಎಲ್ಲರಿಗಿಂತ ಮೊದಲು ಎದ್ದು, ಸ್ನಾನ ಮಾಡಿ, ಲಿಂಗಪೂಜೆ ಮುಗಿಸಿ, ಹಣೆ ತುಂಬ ವಿಭೂತಿ ಹಚ್ಚಿಕೊಂಡು ರೊಟ್ಟಿ ಬಡಿಯಲು ನಿಲ್ಲುವಳು. ಶಿವ ಕೊಟ್ಟ ದಿನ, ಅದನ್ನು ಖಾಲಿ ಹೊಟ್ಟೆಯಲ್ಲಿ ಯಾರೂ ಶುರು ಮಾಡಬಾರದು ಎಂಬುದು ಅವಳ ನೇಮ.

ಸೆಪ್ಟೆಂಬರ್ ನಡುವಿನ ಒಂದು ಮಂಗಳವಾರ ಆ ಹೊತ್ತಿಗೆ ಸರಿಯಾಗಿ ಊರಿಂದ ತಂಗಿ ಬಸವ್ವನ ಫೋನು ಬಂತು.

"ಯಕ್ಕಾ, ಟ್ರ್ಯಾಕ್ಟರ್ ಬಿಡಸೂದು ಏನಾತು?"

"ಯಾವ ಟ್ರ್ಯಾಕ್ಟರ್?"

"ನಿಂದ ಮತ್ತ! ಶುಕ್ರವಾರ ಉಸುಕು ಹೇರಿದ್ದಾಗ ಹಿಡದಾರಲ್ಲ. ಟ್ರೇಲರ್ ಸಮೇತ ಸ್ಟೇಷನ್ ಮುಂದ ನಿಂತೈತಿ. ಮಾವಗ ಎಲ್ಲಾ ಗೊತ್ತೈತಿ. ನಿನಗ ಹೇಳಿಲ್ಲೇನ?"

ಮೇಜಿನ ಆ ಬದಿಗೆ ಕೂತಿದ್ದ ನಾಗಲಿಂಗಪ್ಪನಿಗೆ ಶೇಂಗಾ ಚಟ್ನಿಯ ಮೇಲೆ ಇದ್ದಕ್ಕಿದ್ದಂತೆ ಬಹಳ ಗಮನ ಬಂತು. ಪಾರ್ವತೆವ್ವ ಹಿಟ್ಟಿನ ಕೈಯಲ್ಲೇ ಫೋನು ಕೆಳಗಿಟ್ಟಳು.

"ಏನ್ರೀ, ನನ್ನ ಟ್ರ್ಯಾಕ್ಟರ್ ಎಲ್ಲೈತಿ?"

"ಊರಾಗ ಐತಿ."

"ಊರಾಗ ಎಲ್ಲಿ?"

"ಚಲೋ ಜಾಗಾದಾಗ ಐತಿ. ಪೊಲೀಸ್ರು ಕಾಯಾಕತ್ತಾರ."

ಶರ್ವಾಣಿ ಚಮಚ ಕೆಳಗಿಟ್ಟು ಕೇಳಿದಳು: "ಅಜ್ಜಿ, ಈಸ್ ದ ಟ್ರ್ಯಾಕ್ಟರ್ ಇನ್ ಜೈಲ್?"

"ಹೂಂ ನನ್ನವ್ವ, ಜೈಲಿನಾಗ ಐತಿ. ಒಳಗ ಹಾಕಿಸಿದಾವ್ರು ಮಾತ್ರ ಇಲ್ಲೇ ಕುಂತು ಚಟ್ನಿ ತಿನ್ನಾಕತ್ತಾರ."

ಬಸ್ಸು ಬರುವುದರೊಳಗೆ ವಿಷಯವೆಲ್ಲ ಹೊರಬಿತ್ತು. ಊರ ಬಸವಣ್ಣನ ಗುಡಿಯಲ್ಲಿ ದಾಸೋಹದ ಅಡಿಗೆಮನೆಗೆ ನೆಲ ಹಾಕಿಸಿಕೊಡುತ್ತೇನೆಂದು ನಾಗಲಿಂಗಪ್ಪ ಬರುವಾಗ ಮಾತು ಕೊಟ್ಟು ಬಂದಿದ್ದ. ಇಲ್ಲಿ ಕೂತೇ, ಮನೆಯವರೆಲ್ಲ ಶೇಖಪ್ಪ ಎನ್ನುವ ಡ್ರೈವರ್ ಶೇಖರಪ್ಪನಿಗೆ ಫೋನು ಮಾಡಿ, ಹಳ್ಳದಿಂದ ಎರಡು ಟ್ರಿಪ್ ಉಸುಕು ಹೊಡೆ ಎಂದಿದ್ದ. ಮೊದಲನೆಯದು ಗುಡಿ ಮುಟ್ಟಿತು. ಎರಡನೆಯದು ದಾರಿಯಲ್ಲಿ ಸಿಕ್ಕಿಬಿತ್ತು. ಪರ್ಮಿಟ್ ಇರಲಿಲ್ಲ.

"ದೇವರ ಕೆಲಸಕ್ಕ ಪರ್ಮಿಟ್ ಯಾರ ಕೇಳತಾರ ಅಂದ್ಕೊಂಡೆ," ಅಂದ ನಾಗಲಿಂಗಪ್ಪ.

"ಮೂವತ್ತ ವರ್ಷ ಕಂದಾಯ ಇಲಾಖೆದಾಗ ತಲಾಠಿಕಿ ಮಾಡಿದ್ರಿ. ಎಷ್ಟ ಉಸುಕಿನ ಗಾಡಿ ನಿಲ್ಲಿಸಿ ಪಂಚನಾಮೆ ಬರದ್ರಿ? ಅವರ್ಯಾರೂ ದೇವರ ಹೆಸರ ಹೇಳಲಿಲ್ಲೇನ?"

"ಎಲ್ಲಾರೂ ಅದನ್ನ ಹೇಳತಿದ್ರು."

"ನೀವ ಬಿಟ್ರೇನ?"

"ಇಲ್ಲ."

ಚನ್ನವೀರನಿಗೆ ನಗು ಬಂತು. ತಾಯಿಯ ಮುಖ ನೋಡಿ ಅದನ್ನು ಕೆಮ್ಮಾಗಿಸಿಕೊಂಡು ಕಾರಿನ ಕೀಲಿ ಹುಡುಕಿದ.

ಪಾರ್ವತೆವ್ವನ ಸಿಟ್ಟಿಗೆ ಕಾರಣವಿತ್ತು. ಆ ಟ್ರ್ಯಾಕ್ಟರು ಗಂಡ ಕೊಡಿಸಿದ್ದಲ್ಲ. ಎರಡು ಎಮ್ಮೆ ಆರಾಗಿ, ಆರು ಹನ್ನೊಂದಾಗಿ, ಡೇರಿಗೆ ಹಾಲು ಹಾಕಿ ಹಾಕಿ ಅವಳೇ ಕೊಂಡದ್ದು. ಶೋರೂಮಿನಿಂದ ತಂದ ದಿನ ಮೊದಲು ಕಾಯಿ ಒಡೆದವಳೂ ಅವಳೇ. ಹಿಂಗಾರಿಗೆ ಅದು ಮೊದಲು ಹೋಗುವುದು ಅವಳ ಮಹಿಳಾ ಸಂಘದ ನಾಲ್ಕು ಹೆಣ್ಣುಮಕ್ಕಳ ಹೊಲಕ್ಕೆ. ಅವರಿಗೆ ಎತ್ತಿಲ್ಲ, ದುಡಿಯುವ ಗಂಡಸರಿಲ್ಲ. ಈ ಸಲ ಕಪ್ಪು ಮಣ್ಣಿನ ಎರಿ ಹೊಲದಲ್ಲಿ ಒಳ್ಳೆ ಹದ ಇದೆ ಎಂದು ಬಸವ್ವ ಹೇಳಿದ್ದಳು. ಹೆಚ್ಚೆಂದರೆ ಒಂದು ತಿಂಗಳು. ಅಷ್ಟರಲ್ಲಿ ಕಡಲೆ ಬಿತ್ತದಿದ್ದರೆ ನೆಲ ಆರಿಹೋಗುತ್ತದೆ.

ಆ ದಿನ ಸಂಜೆ ಊಟವಾದ ಮೇಲೆ ಊರಿನ ವಕೀಲ ವಿಜಯಕುಮಾರನಿಗೆ ಫೋನು ಹಚ್ಚಿದರು. ಅವನಿಗೆ ಆಗ ಬೆಳಗು. ಹಿಂದೆ ಸ್ಕೂಟರುಗಳ ಸದ್ದು.

"ಮ್ಯಾಜಿಸ್ಟ್ರೇಟ್ ಕೋರ್ಟಿಗೆ ಮಧ್ಯಂತರ ಬಿಡುಗಡೆ ಅರ್ಜಿ ಹಾಕೋಣ್ರಿ. ಕೇಸ್ ಮುಗಿಯೂತನಕ ಗಾಡಿ ಮಾಲಕರ ತಾಬೇಕ್ಕ ಕೊಡ್ರಿ ಅಂತ. ಬಾಂಡು, ಜಾಮೀನು, ಕರದಾಗ ತಂದು ನಿಲ್ಲಸ್ತೀವಿ ಅಂತ ಮುಚ್ಚಳಿಕೆ. ದಂಡ ಆಮ್ಯಾಲೆ. ಆರ್.ಸಿ. ಯಾರ ಹೆಸರಿನ್ಯಾಗ ಐತ್ರಿ?"

"ನಮ್ಮ ಮನ್ಯಾಕಿದು," ಅಂದ ನಾಗಲಿಂಗಪ್ಪ.

"ಹಂಗಾರ ಅರ್ಜಿದಾರರು ಅವರಽ. ಅವರ ಅಫಿಡವಿಟ್ ಬೇಕು, ಅವರ ಪರವಾಗಿ ನಿಲ್ಲಾಕ ಇಲ್ಲಿ ಯಾರಿಗರೆ ಮುಖ್ತ್ಯಾರ ಪತ್ರ ಬೇಕು. ಅವರ ಸಹಿ ಇಲ್ಲದ ಏನೂ ನಡ್ಯಾಂಗಿಲ್ಲ."

ಕೋಣೆಯಲ್ಲಿದ್ದ ನಾಲ್ಕೂ ಜನ ಪಾರ್ವತೆವ್ವನ ಕಡೆ ನೋಡಿದರು. ಅವಳು ಹುಣಸೆಹಣ್ಣಿನ ನಾರು ತೆಗೆಯುತ್ತಿದ್ದಳು.

"ಹೂಂ, ನೋಡ್ರಿ," ಅಂದಳು. "ಫೋನ್ ಮಾಡಿ ಉಸುಕ ತರಸಬೇಕಾರ ಒಬ್ಬರೂ ನೋಡಲಿಲ್ಲ."

ಮರುದಿನದಿಂದ ನಾಗಲಿಂಗಪ್ಪನ ತಟ್ಟೆಗೆ ಓಟ್ಸ್ ಗಂಜಿ ಬಂತು. ಉಳಿದವರಿಗೆ ರೊಟ್ಟಿ, ಬದನೆಕಾಯಿ ಎಣಗಾಯಿ.

"ಏನಿದು?"

"ಹೃದಯಕ್ಕ ಚಲೋದಂತ. ಡಬ್ಬಿ ಮ್ಯಾಲೆ ಬರದಾರ. ನಿಮ್ಮ ಸೊಸಿ ಓದಿ ಹೇಳ್ಯಾಳ."

"ಅತ್ತೆ, ನನ್ನನ್ನ ಎಳೀಬೇಡಿ," ಅಂದಳು ಯಾಮಿನಿ, ಲ್ಯಾಪ್‌ಟಾಪ್ ಚೀಲಕ್ಕೆ ಹಾಕುತ್ತ. "ಮಾವ, ಫ್ರಿಜ್‌ನಲ್ಲಿ ಬಿಸಿಬೇಳೆಬಾತ್ ಇದೆ. ಮಧ್ಯಾಹ್ನ ಮೈಕ್ರೋವೇವ್ ಮಾಡ್ಕೊಳಿ."

"ನಿನ್ನ ಹೊಟ್ಟಿ ತಣ್ಣಗಿರಲಿ ತಾಯಿ. ಮೈಸೂರಿನವರು ದಯಾವಂತರು."

"ಮೈಸೂರಿನವರಿಗೆ ಟ್ರ್ಯಾಕ್ಟರ್ ಇಲ್ಲ, ಅದಕ್ಕ," ಅಂದಳು ಪಾರ್ವತೆವ್ವ.

ಕಾಗದಪತ್ರದ ಕೆಲಸವೂ ಸುಲಭವಿರಲಿಲ್ಲ. ಆರ್.ಸಿ. ಪುಸ್ತಕ ಊರ ಮನೆಯ ತಿಜೋರಿಯಲ್ಲಿತ್ತು; ತಿಜೋರಿಯ ಕೀಲಿ ಬಾಥೆಲ್‌ನಲ್ಲಿ ಪಾರ್ವತೆವ್ವನ ಸೊಂಟದಲ್ಲಿತ್ತು. ಸಮುದ್ರ ದಾಟುವಾಗಲೂ ಅವಳು ಅದನ್ನು ಬಿಚ್ಚಿರಲಿಲ್ಲ. ಕೊನೆಗೆ ಬಸವ್ವ ಊರ ಕಮ್ಮಾರನನ್ನು ಕರೆಸಿ, ವಿಡಿಯೊ ಕಾಲ್‌ನಲ್ಲಿ ಅಕ್ಕನ ಕಣ್ಣೆದುರೇ ತಿಜೋರಿ ಒಡೆಸಿದಳು. "ಎಡಕ್ಕ ಒಳಗ ಏನೈತೋ ನೋಡಬ್ಯಾಡ, ಬಲಕ್ಕ ಅಷ್ಟ ನೋಡು," ಎಂದು ಪಾರ್ವತೆವ್ವ ಇಲ್ಲಿಂದ ಕೂಗುತ್ತಿದ್ದಳು. ಎಡಕ್ಕೆ ಏನಿತ್ತೆಂದು ನಾಗಲಿಂಗಪ್ಪನಿಗೂ ಗೊತ್ತಿರಲಿಲ್ಲ. ಕೇಳುವ ಕಾಲ ಅದಾಗಿರಲಿಲ್ಲ.

ನೋಟರಿಯನ್ನು ಯಾಮಿನಿ ಹುಡುಕಿದಳು. ಕ್ಯಾನ್ಯನ್ ಪಾರ್ಕ್ ಹತ್ತಿರ ತೆರಿಗೆ ಲೆಕ್ಕ ಬರೆದುಕೊಡುವ ಒಂದು ಸಣ್ಣ ಕಚೇರಿ. ನಡೆಸುವವರು ಚಿಕ್ಕತಾಯಮ್ಮ ಎಂಬ ಮಂಡ್ಯದ ಹೆಣ್ಣುಮಗಳು, ಈ ಕಡೆ ಬಂದು ಮೂವತ್ತು ವರ್ಷ ದಾಟಿತ್ತು. ಗೋಡೆಯ ಮೇಲೆ ನೋಟರಿ ಪ್ರಮಾಣಪತ್ರ, ಅದರ ಪಕ್ಕದಲ್ಲೇ ಮಾದಪ್ಪನ ಪಟ. ಪಾರ್ವತೆವ್ವ ಮೊದಲು ಪಟಕ್ಕೆ ಕೈಮುಗಿದು ಆಮೇಲೆ ಕುರ್ಚಿಯಲ್ಲಿ ಕೂತಳು.

"ಬನ್ನಿ ಕಣವ್ವ, ಕೂತ್ಕಳಿ," ಅಂದರು ಚಿಕ್ಕತಾಯಮ್ಮ. "ಇದ್ರಲ್ಲಿ ಬರ್ದಿರದೆಲ್ಲ ನಿಜ ಅಂತ ನೀವು ನನ್ನ ಮುಂದೆ ಬಾಯ್ಬಿಟ್ಟು ಹೇಳ್ಬೇಕು. ಓದಿದೀರಾ?"

"ವಕೀಲರು ಕಳಸ್ಯಾರ. ಸಣ್ಣ ಅಕ್ಷರ. ನೀವ ಓದ್ರಿ, ನಾ ಕೇಳತೀನಿ."

ಚಿಕ್ಕತಾಯಮ್ಮ ಕನ್ನಡಕ ಏರಿಸಿ ಓದಿದರು. ಮೂರನೆಯ ಪ್ಯಾರಾದವರೆಗೂ ಪಾರ್ವತೆವ್ವ ತಲೆಯಾಡಿಸುತ್ತಿದ್ದಳು. ನಾಲ್ಕನೆಯದು ಹೀಗಿತ್ತು: "ಸದರಿ ವಾಹನದ ಚಾಲಕನು ನನ್ನ ಹಾಗೂ ನನ್ನ ಕುಟುಂಬದವರ ಗಮನಕ್ಕೆ ತಾರದೆ, ತನ್ನ ಸ್ವಂತ ಲಾಭಕ್ಕಾಗಿ ಮರಳನ್ನು ಸಾಗಿಸಿರುತ್ತಾನೆ."

"ನಿಲ್ರಿ," ಅಂದಳು ಪಾರ್ವತೆವ್ವ. "ಅದನ್ನ ಇನ್ನೊಮ್ಮಿ ಓದ್ರಿ."

ಇನ್ನೊಮ್ಮೆ ಓದಿದರು.

"ಇದು ಸುಳ್ಳು."

ಹಿಂದೆ ಕೂತಿದ್ದ ಚನ್ನವೀರ ಮುಂದೆ ಬಾಗಿದ. "ಯವ್ವಾ, ಎಲ್ಲಾ ಕೇಸಿನ್ಯಾಗೂ ಹಿಂಗ ಬರೀತಾರಂತ. ವಕೀಲರು ಹೇಳಿದ್ರು, ಇದೊಂದು ರೂಢಿ."

"ಶೇಖಪ್ಪಗ ಎರಡ ಮಕ್ಳು. ನಾಳೆ ಯಾರರೆ ಕೆಲಸ ಕೊಡತಾರೇನ ಅವಂಗ, ಕದ್ದ ಉಸುಕು ಹೊಡದಾವ ಅಂತ ಕೋರ್ಟಿನ್ಯಾಗ ಬರದ ಮ್ಯಾಲೆ? ಎದಿಮ್ಯಾಲೆ ಲಿಂಗ ಐತಿ ನನಗ. ಹೂಂ ಅನ್ನಾಂಗಿಲ್ಲ."

"ಯವ್ವಾ, ಇವತ್ತು ಸಹಿ ಆಗ್ಲಿಲ್ಲಂದ್ರ ಒಂದು ವಾರ ಹೋಗ್ತೈತಿ."

"ಹೋಗಲಿ."

ನಾಗಲಿಂಗಪ್ಪ ಕಿಟಕಿಯಾಚೆ ನಿಂತ ಕಾರುಗಳನ್ನು ನೋಡುತ್ತಿದ್ದ. ಚಿಕ್ಕತಾಯಮ್ಮ ಮುದ್ರೆಯನ್ನು ತಿರುಗಿ ಡ್ರಾಯರಿಗೆ ಹಾಕಿದರು. "ಅವ್ವ ಹೂಂ ಅನ್ದೆ ನಾನು ಒತ್ತಕಾಗಲ್ಲ ಕಣಪ್ಪ. ಫೀಸೂ ಬೇಡ. ಸರಿ ಮಾಡ್ಕೊಂಡು ಬನ್ನಿ."

ಮನೆಗೆ ಬರುವ ದಾರಿಯಲ್ಲಿ ಯಾರೂ ಮಾತಾಡಲಿಲ್ಲ. ಬಂದ ಮೇಲೆ ಎಲ್ಲರೂ ಒಟ್ಟಿಗೆ ಮಾತಾಡಿದರು.

"ಆ ಸಾಲು ತಗದರ ಏನ ಬರೀಬೇಕು?" ಅಂದ ಚನ್ನವೀರ. "ಅಪ್ಪಾರು ಹೇಳಿದ್ರು ಅಂತ ಬರೀಬೇಕೇನು? ಕೇಸಿನ್ಯಾಗ ಅವರ ಹೆಸರ ಬರತೈತಿ. ಊರಿಗೆ ಹೋದ ಕೂಡಲೇ ಕೋರ್ಟಿಗೆ ನಿಲ್ಲಬೇಕಾಗತೈತಿ. ಈ ವಯಸ್ಸಿನ್ಯಾಗ!"

"ಡ್ರೈವರ್‌ಗೂ ವಯಸ್ಸಾಗುತ್ತೆ ಕಣೋ," ಅಂದಳು ಯಾಮಿನಿ.

"ನೀ ಯಾರ ಕಡೆ?"

"ನಾನು ಅಡುಗೆ ಮಾಡಿದವರ ಕಡೆ. ಇವತ್ತು ಅತ್ತೆ ಮಾಡಿದಾರೆ."

ನಾಗಲಿಂಗಪ್ಪ ಎದ್ದು ಡಿಶ್‌ವಾಶರ್‌ಗೆ ಪಾತ್ರೆ ಜೋಡಿಸಿದ. ಈ ಮನೆಯಲ್ಲಿ ಅವನು ಕಲಿತಿದ್ದ ಹೊಸ ಕೆಲಸ ಅದೊಂದೇ. ತಟ್ಟೆಗಳನ್ನು ಎತ್ತರದ ಪ್ರಕಾರ, ದಫ್ತರದ ಕಡತಗಳಂತೆ ನಿಲ್ಲಿಸುತ್ತಿದ್ದ. ಆ ಸಂಜೆ ಎಲ್ಲ ತಟ್ಟೆಗಳನ್ನೂ ಎರಡು ಸಲ ತೆಗೆದು ಎರಡು ಸಲ ಇಟ್ಟ.

ಮೂರು ದಿನ ಹೀಗೇ ಹೋಯಿತು. ನಾಲ್ಕನೆಯ ಬೆಳಿಗ್ಗೆ ಶೇಖರಪ್ಪನೇ ಫೋನು ಮಾಡಿದ. ಪಾರ್ವತೆವ್ವ ಸ್ಪೀಕರ್ ಹಾಕಿದಳು.

"ಅವ್ವಾರ, ವಕೀಲರು ಹೇಳಿದ್ರು. ನನ್ನ ಹೆಸರ ಬರದ ಬಿಡ್ರಿ. ನನಗೇನೂ ಬ್ಯಾಸರಿಲ್ಲ. ಸಾಹೇಬ್ರ ಮರ್ಯಾದಿ ದೊಡ್ಡದು. ಊರಾಗ ಕುಂತ ಪಂಚಾಯ್ತಿ ಹೇಳೋ ಮನಶಾರು."

"ಲಾಭ ಎಷ್ಟ ಆತು ನಿನಗ, ಆ ಉಸುಕಿನ್ಯಾಗ?"

"ಲಾಭ ಎಲ್ಲಿದ್ರಿ? ಡಿಸೇಲ್ ನನ್ನ ಕೈಲೆ ಹಾಕೇನಿ. ಗುಡಿ ಕೆಲಸ, ಇರಲಿ ಅಂತ."

ನಾಗಲಿಂಗಪ್ಪನ ಕೈಯಲ್ಲಿ ಓಟ್ಸ್ ಚಮಚ ಹಾಗೇ ನಿಂತಿತು. ಅವನು ಮೆಲ್ಲಗೆ ಅದನ್ನು ಬಟ್ಟಲಿಗೆ ಇಳಿಸಿ ಕೈ ಒರೆಸಿಕೊಂಡ.

"ಶೇಖಪ್ಪ."

"ಹೇಳ್ರಿ ಸಾಹೇಬ್ರ."

"ಡಿಸೇಲ್ ಮಾತು ನನಗ್ಯಾಕ ಹೇಳಲಿಲ್ಲ?"

"ಏನ ಹೇಳೂದ್ರಿ, ದೇವರ ಕೆಲಸ ಅಂದ್ರಿ ನೀವು."

ನಾಗಲಿಂಗಪ್ಪ ಮೊಮ್ಮಗಳ ಕಡೆ ತಿರುಗಿ, "ಶರ್ವಾಣಿ, ನಿನ್ನ ವಹಿಯೊಳಗ ಎರಡ ಹಾಳಿ ಹರಕೊಡು. ಗೆರಿ ಇದ್ದದ್ದು," ಅಂದ.

"ವಾಟ್ ಫಾರ್, ಅಜ್ಜ?"

"ಪಂಚನಾಮೆ ಬರೀಬೇಕು. ಈ ಸಲ ನಂದು."

ಅವನದು ಮೂವತ್ತು ವರ್ಷ ದಫ್ತರದಲ್ಲಿ ಬರೆದು ಪಳಗಿದ ಕೈ. ಒಂದಕ್ಷರವೂ ಗೆರೆ ಬಿಟ್ಟು ಏಳಲಿಲ್ಲ. ಉಸುಕು ತರಲು ಹೇಳಿದವನು ತಾನು, ಚಾಲಕ ಹೇಳಿದ್ದು ಮಾಡಿದ, ಮಾಲಕಿಗೆ ತಿಳಿದಿರಲಿಲ್ಲ, ಪರವಾನಗಿ ಬೇಕೆಂದು ತನಗೆ ಚೆನ್ನಾಗಿ ಗೊತ್ತಿತ್ತು. ಕೊನೆಯ ಮಾತನ್ನು ಬಿಡಿ ಎಂದು ವಿಜಯಕುಮಾರ ಫೋನಿನಲ್ಲಿ ಗೋಗರೆದ. "ಗೊತ್ತಿದ್ದದ್ದನ್ನ ಗೊತ್ತಿಲ್ಲ ಅಂತ ಹೆಂಗ ಬರೀಲೋ ತಮ್ಮಾ? ಗೊತ್ತಿರಲಿಲ್ಲ ಅಂದಾವರನ್ನ ನಾನಽ ನಂಬತಿದ್ದಿಲ್ಲ," ಅಂದ ನಾಗಲಿಂಗಪ್ಪ. ಆ ಮಾತು ಹೇಳುವಾಗ ಅವನ ದನಿ ಹಗುರವಾಗಿತ್ತು. ಮಧ್ಯಾಹ್ನ ಮಲಗಿ ಚೆನ್ನಾಗಿ ನಿದ್ದೆ ಮಾಡಿದ. ಎದ್ದಾಗ ತಟ್ಟೆಯಲ್ಲಿ ಎರಡು ರೊಟ್ಟಿ, ಮೇಲೆ ಬೆಣ್ಣೆ. ಬಡಿಸಿದವಳು ಅವನ ಮುಖ ನೋಡಲಿಲ್ಲ; ಬೆಣ್ಣೆ ಮಾತ್ರ ಸಾಕಷ್ಟಿತ್ತು.

ಎರಡನೆಯ ಸಲ ನೋಟರಿಯ ಬಳಿ ಹೋದಾಗ ಶನಿವಾರ, ಶರ್ವಾಣಿಯೂ ಬಂದಿದ್ದಳು. ಚಿಕ್ಕತಾಯಮ್ಮ ಹೊಸ ಅಫಿಡವಿಟ್ ಪೂರ್ತಿ ಓದಿ, "ಈಗ ಹೇಳಿ ಕಣವ್ವ. ಉಸುಕು ತರಕ್ಕೆ ಹೇಳಿದ್ದು ಯಾರು? ನಿಮ್ಮ ಬಾಯಲ್ಲಿ ಹೇಳಿ," ಅಂದರು.

"ಇವರು."

"ಇವರು ಅಂದ್ರೆ?"

"ಇವರಽ ಅಲ್ರಿ, ಇಲ್ಲಿ ಕುಂತಾರಲ್ಲ."

"ಹೆಸರು ಹೇಳಿ."

ಪಾರ್ವತೆವ್ವ ಸೆರಗು ಸರಿಮಾಡಿಕೊಂಡಳು. ಮದುವೆಯಾಗಿ ನಲವತ್ತೊಂದು ವರ್ಷ. ಗಂಡನ ಹೆಸರು ನೇರವಾಗಿ ಬಾಯಲ್ಲಿ ಬಂದದ್ದಿಲ್ಲ. ಡೇರಿಯಲ್ಲಿ, ಬ್ಯಾಂಕಿನಲ್ಲಿ, ವೀಸಾದ ಕಿಟಕಿಯಲ್ಲಿ ಸಹ ಯಾರಾದರೂ ಪಕ್ಕದವರು ಹೇಳುತ್ತಿದ್ದರು, ಇಲ್ಲವೆ ಅವಳು ಕಾಗದದ ಮೇಲೆ ಬೆರಳಿಡುತ್ತಿದ್ದಳು.

"ಅಜ್ಜಿ, ಜಸ್ಟ್ ಸೇ ಇಟ್!" ಅಂದಳು ಶರ್ವಾಣಿ. "ಇಟ್ಸ್ ನಾಗ–"

"ಏ, ನೀ ಸುಮ್ನಿರು. ನೀ ಹೇಳಿದರ ನಡ್ಯಾಂಗಿಲ್ಲ."

ಚಿಕ್ಕತಾಯಮ್ಮನಿಗೆ ಅರ್ಥವಾಯಿತು. ನಕ್ಕು ಪೆನ್ನು ಕೆಳಗಿಟ್ಟರು. "ನಿಮ್ಮ ಕಡೆ ಪ್ರಾಸ ಕಟ್ಟಿ ಒಡಪು ಹಾಕಿ ಹೇಳ್ತಾರಂತಲ್ಲ? ಹಂಗೇ ಹೇಳಿ. ಕಾನೂನಿಗೆ ಹೆಸರು ಬೇಕು ಅಷ್ಟೆ, ಅದ್ರ ಮುಂದೆ ಏನು ಬಂದ್ರೂ ಅಡ್ಡಿ ಇಲ್ಲ."

ಪಾರ್ವತೆವ್ವ ಕಣ್ಣು ಮುಚ್ಚಿದಳು. ಮದುವೆಮನೆಯ ಹೊಸ್ತಿಲಲ್ಲಿ ಹೆಂಗಸರು ಅಡ್ಡಗಟ್ಟಿ ಹೆಸರು ಕೇಳಿದಾಗ ಹೇಳುತ್ತಿದ್ದ ಧಾಟಿಯಲ್ಲೇ, ಒಂದೇ ಉಸಿರಿಗೆ ಹೇಳಿದಳು:

"ಹಳ್ಳದ ಉಸುಕಿಗೆ ಪರವಾನಿಗಿ ಇದ್ದಿಲ್ಲಪ್ಪ,
ಒಪ್ಪಿಕೊಂಡು ಬಂದಾರ ನಮ್ಮ ನಾಗಲಿಂಗಪ್ಪ!"

ಶರ್ವಾಣಿ ಚಪ್ಪಾಳೆ ತಟ್ಟಿದಳು. ಪಕ್ಕದ ಮೇಜಿನಲ್ಲಿ ತೆರಿಗೆ ಕಾಗದ ಹಿಡಿದು ಕಾದಿದ್ದ ತೆಲುಗಿನವರೊಬ್ಬರು ಏನೂ ತಿಳಿಯದೆಯೇ ಚಪ್ಪಾಳೆ ಸೇರಿಸಿದರು. ನಾಗಲಿಂಗಪ್ಪ ಹೊಸ ಮದುಮಗನಂತೆ ನೆಲ ನೋಡಿದ. ಚಿಕ್ಕತಾಯಮ್ಮ ಮುದ್ರೆ ತೆಗೆದು ಮೂರು ಕಾಗದಕ್ಕೂ ಒತ್ತಿದರು: ಅವಳ ಅಫಿಡವಿಟ್ಟು, ಅವನ ಅಫಿಡವಿಟ್ಟು, ಬಸವ್ವನ ಹೆಸರಿಗೆ ಮುಖ್ತ್ಯಾರ ಪತ್ರ.

ಸೋಮವಾರ ಚನ್ನವೀರ ಕೆಂಟ್‌ನಲ್ಲಿ ಅರ್ಧ ದಿನ ರಜೆ ಹಾಕಿ, ಅಲ್ಲಿಂದಲೇ ದಕ್ಷಿಣಕ್ಕೆ ಹೋಗಿ, ವಿದೇಶಕ್ಕೆ ಕಳಿಸುವ ಕಾಗದಕ್ಕೆ ಬೇಕಾದ ರಾಜ್ಯ ಸರ್ಕಾರದ ಮುದ್ರೆ ಹಾಕಿಸಿಕೊಂಡು ಕೊರಿಯರ್‌ಗೆ ಕೊಟ್ಟು ಬಂದ. ಕೊರಿಯರು ಎಲ್ಲಿ ಮುಟ್ಟಿತು ಎಂದು ಶರ್ವಾಣಿ ದಿನಾ ಫೋನಿನಲ್ಲಿ ನೋಡಿ ಅಜ್ಜಿಗೆ ಹೇಳುವಳು. ದುಬೈ ಎಂದ ದಿನ ಪಾರ್ವತೆವ್ವ, "ಅಲ್ಲೇನ ಕೆಲಸಿತ್ತು ಅದಕ್ಕ?" ಎಂದು ಬೈದಳು.

ಅಕ್ಟೋಬರ್ ಬಂತು. ಬನ್ನಿ ಹಬ್ಬಕ್ಕೆ ಬನ್ನಿ ಎಲೆ ಸಿಗದೆ, ಹಿತ್ತಲ ಗಿಡದ ಎಲೆಯನ್ನೇ ದೇವರ ಮುಂದಿಟ್ಟು ಒಬ್ಬರಿಗೊಬ್ಬರು ಕೊಟ್ಟುಕೊಂಡರು. ನಾಗಲಿಂಗಪ್ಪನ ಹೆಸರು ಕೇಸಿಗೆ ಸೇರಿದ ಸುದ್ದಿ ಊರಲ್ಲಿ ಹಬ್ಬಿ, ಹಳೆಯ ದಫ್ತರದವನೊಬ್ಬ ಫೋನು ಮಾಡಿದ. "ಸಾಹೇಬ್ರ, ನಿಮ್ಮ ಕೈ ಕೆಳಗ ಬರಿಯೂದು ಕಲತಾವ್ರು ನಾವು. ನಿಮ್ಮ ಹೆಸರಽ ಬರೀಬೇಕಾತಲ್ರಿ!"

"ಕಾಗುಣಿತ ತಪ್ಪಿಲ್ಲದಂಗ ಬರದೀಯಲ್ಲ, ಸಾಕು," ಅಂದ ನಾಗಲಿಂಗಪ್ಪ. ಆ ಕಡೆ ಅವನು, ಈ ಕಡೆ ಇವನು, ಇಬ್ಬರೂ ಬಹಳ ಹೊತ್ತು ನಕ್ಕರು.

ಹಬ್ಬ ಕಳೆದು ಎರಡನೆಯ ವಾರ, ಬೆಳಗಿನ ಪೂಜೆ ಮುಗಿಯುವುದಕ್ಕೂ ಬಸವ್ವನ ಫೋನಿಗೂ ಸರಿಹೋಯಿತು.

"ಯಕ್ಕಾ, ಆತು! ಆರ್ಡರ್ ಆತು!"

"ಶಿವಾ!" ಎಂದು ಪಾರ್ವತೆವ್ವ ಅಲ್ಲೇ ನೆಲದ ಮೇಲೆ ಕೂತಳು. "ಏನೇನ ಕೇಳಿದ್ರ? ಎಲ್ಲಾ ಹೇಳು."

"ಜಡ್ಜ್ ಸಾಹೇಬ್ರು ಎರಡೂ ಕಾಗದ ಓದಿದ್ರು. ಮಾವಂದು ಎರಡ ಸಲ ಓದಿದ್ರು. ಆಮ್ಯಾಲೆ ನನ್ನ ನೋಡಿ, ನಿಮ್ಮ ಅಕ್ಕ ಏನ ಮಾಡತಾರವ್ವ ಅಮೆರಿಕಾದಾಗ ಅಂದ್ರು. ರೊಟ್ಟಿ ಬಡೀತಾಳ್ರಿ ಅಂದೆ. ಕೋರ್ಟೆಲ್ಲ ನಕ್ತು. ಬಾಂಡು ಬರಸಿದ್ರು, ಜಾಮೀನು ನಾ ನಿಂತೆ. ಮಾರೂಹಂಗಿಲ್ಲ, ಬಣ್ಣ ಬದಲಿ ಮಾಡೂಹಂಗಿಲ್ಲ, ಕರದಾಗ ತರಬೇಕು, ಇನ್ನೊಮ್ಮಿ ಉಸುಕು ಹೇರಿದರ ವಾಪಸ್ ಬರಾಂಗಿಲ್ಲ ಅಂದ್ರು. ಮಾವ ಊರಿಗೆ ಬಂದಮ್ಯಾಲೆ ಹಾಜರಾಗಬೇಕು."

"ಆಗತೀನಿ," ಅಂದ ನಾಗಲಿಂಗಪ್ಪ, ಒಳಗಿನಿಂದ. "ಕೋಟು ಇಸ್ತ್ರಿ ಮಾಡಿಸಿಕೊಂಡ ಹೋಗತೀನಿ."

"ನಾನೂ ಬರತೀನಿ ಸಂಗಾಟ," ಅಂದಳು ಪಾರ್ವತೆವ್ವ. "ಒಬ್ಬರನ್ನಽ ಕಳಿಸಿದರ ಅಲ್ಲೂ ಏನರೆ ಹೇಳಿ ಬರತೀರಿ."

ಅಷ್ಟರಲ್ಲಿ ಬಸವ್ವನ ಹಿಂದೆ ಎಂಜಿನ್ ಸದ್ದು ಕೇಳಿತು. ತಿಂಗಳು ನಿಂತ ಬ್ಯಾಟರಿ. ಮೂರು ಸಲ ಕೆಮ್ಮಿ ನಾಲ್ಕನೆಯದಕ್ಕೆ ಹಿಡಿದುಕೊಂಡಿತು. ಯಾಮಿನಿ ಕಾಫಿ ಲೋಟ ಹಿಡಿದು ಓಡಿಬಂದಳು, ಚನ್ನವೀರ ಒಂದೇ ಕಾಲಿಗೆ ಬೂಟು ಹಾಕಿಕೊಂಡು ಬಂದ. ಎಲ್ಲರೂ ಫೋನಿನ ಸುತ್ತ ತಲೆ ಸೇರಿಸಿ ಆ ಸದ್ದನ್ನು ಕೇಳಿದರು.

ನಾಗಲಿಂಗಪ್ಪನಿಗೆ ಹುರುಪು ಬಂತು. ಫೋನು ಎತ್ತಿಕೊಂಡ.

"ಬಸವ್ವಾ, ಶೇಖಪ್ಪನ ಕೈಯಾಗ ಕೊಡು. ಹಾಂ, ಶೇಖಪ್ಪ! ಭೇಷ್! ಮೊದಲ ನಿನ್ನ ಡಿಸೇಲ್ ದುಡ್ಡು, ಅದನ್ನ ಚನ್ನವೀರ ಇವತ್ತಽ ಹಾಕತಾನ. ಈಗ ನಾ ಹೇಳೂದು ಕೇಳು. ನಾಳೆ ಮುಂಜಾನೆದ್ದು ಮೊದಲ ಗುಡಿ ಹಿಂದಿನ ಹೊಲಕ್ಕ–"

"ಸಾಹೇಬ್ರ, ತಪ್ಪ ತಿಳಕೋಬ್ಯಾಡ್ರಿ." ಎಂಜಿನ್ ಸದ್ದಿನ ಮೇಲೆ ಶೇಖರಪ್ಪ ದನಿಯೆತ್ತಿ ಹೇಳಿದ. "ಅವ್ವಾರ ಕೈಯಾಗ ಫೋನ್ ಕೊಡ್ರಿ."

ಯಾಮಿನಿ ಕಾಫಿ ತುಳುಕಿಸಿಕೊಂಡಳು. ಚನ್ನವೀರ ಈ ಸಲ ಕೆಮ್ಮಲಿಲ್ಲ, ಬಾಯಿಬಿಟ್ಟೇ ನಕ್ಕ. ನಾಗಲಿಂಗಪ್ಪ ಒಂದು ಕ್ಷಣ ಫೋನು ನೋಡಿದ. ಆಮೇಲೆ ಅದನ್ನು ಎರಡೂ ಕೈಯಲ್ಲಿ ಹಿಡಿದು ಹೆಂಡತಿಗೆ ಕೊಟ್ಟ.

"ಹೇಳ್ತೀನಿ ಕೇಳೋ ಶೇಖಪ್ಪ," ಅಂದಳು ಪಾರ್ವತೆವ್ವ. "ಮೊದಲ ಗಂಗವ್ವನ ಎರಿ, ಆಕಿದು ಎತ್ತರದಾಗ ಐತಿ, ಲಗೂನ ಆರತೈತಿ. ಆಮ್ಯಾಲೆ ಹಳ್ಳದ ದಂಡಿದು..."

ನಾಗಲಿಂಗಪ್ಪ ಮೇಜಿನ ಮೇಲೆ ಪೆನ್ನು ಹುಡುಕಿ, ಅವಳು ಹೇಳಿದ ಹಾಗೆ ಒಂದೊಂದೇ ಹೊಲದ ಹೆಸರು ಬರೆದುಕೊಳ್ಳತೊಡಗಿದ.